ಎರವಲು ಪುಸ್ತಕದ ಮೇಲೆ ಕೂತ ಸರಸ್ವತಿ

ನಮ್ಮ ಅತ್ತೆಯವರಿಗೆ ಓದು ಬರುವುದಿಲ್ಲ. ಅದಕ್ಕೇ ಇರಬೇಕು, ಪುಸ್ತಕ ಕಂಡರೆ ಮನೆಯಲ್ಲಿ ಎಲ್ಲರಿಗಿಂತ ಅವರಿಗೆ ಭಯಭಕ್ತಿ ಹೆಚ್ಚು. ನೆಲದಲ್ಲಿ ಬಿದ್ದ ಹಳೇ ಪೇಪರಿಗೆ ಕಾಲು ತಗುಲಿದರೂ ಬಗ್ಗಿ ಮುಟ್ಟಿ ಕಣ್ಣಿಗೊತ್ತಿಕೊಳ್ಳುವವರು. ನವರಾತ್ರಿಯಲ್ಲಿ ಮೂಲಾ ನಕ್ಷತ್ರದ ದಿನ ಮನೆಯಲ್ಲಿರುವ ಪುಸ್ತಕಗಳನ್ನೆಲ್ಲ ಮಣೆಯ ಮೇಲೆ ಪೇರಿಸಿ, ರವಿಕೆ ಕಣ ಹೊದಿಸಿ, ಅದರ ಮೇಲೆ ಹಿತ್ತಾಳೆಯ ಸರಸ್ವತಿಯನ್ನು ಕೂರಿಸುವುದು ಅವರದೇ ಕೆಲಸ. ಅದಕ್ಕೆ ನನ್ನ ಕೈ ಕೂಡ ಸೇರಿಸುವುದಿಲ್ಲ. ವಿಜಯದಶಮಿಯ ದಿನ ಆರತಿ ಎತ್ತಿ, ಅಮ್ಮನನ್ನು ಉತ್ತರಕ್ಕೆ ಒಂದಿಷ್ಟು ಕದಲಿಸಿ, ಹೋಗಿ ಬಾ ತಾಯಿ ಎಂದು ಹೇಳುವವರೆಗೆ ಆ ಪುಸ್ತಕಗಳನ್ನು ಯಾರೂ ಮುಟ್ಟುವ ಹಾಗಿಲ್ಲ. ಓದುವುದಂತೂ ಇಲ್ಲವೇ ಇಲ್ಲ. ನನ್ನ ಮಗಳು ಚಿಕ್ಕವಳಿದ್ದಾಗ ಆ ದಿನಗಳಿಗೆ ಸರಸ್ವತಿ ರಜಾ ಎಂದು ಹೆಸರಿಟ್ಟುಕೊಂಡು ಕಾಯುತ್ತಿದ್ದಳು.

ನಾನು ಬರೆಯಲು ಕೂತದ್ದು ಕಾಲೇಜಿನ ಲೈಬ್ರರಿಯ ಬಗ್ಗೆ. ಪೂಜೆಯಿಂದ ಶುರುಮಾಡಿದ್ದೇಕೆಂದರೆ, ಲೈಬ್ರರಿ ಇರುವುದು ಯಾತಕ್ಕೆ ಎಂದು ನನಗೆ ತಿಳಿದದ್ದು ಆ ಪೂಜೆಯ ದಿನಗಳಲ್ಲೇ. ನಾನು ಪಿಯುಸಿಗೆ ನಿಂತವಳು. ನಮ್ಮ ಕಾಲೇಜಿನಲ್ಲಿ ಲೈಬ್ರರಿ ಎಂದರೆ ಒಂದು ಕಿಟಕಿ. ಒಳಗೆ ಕೂತವರಿಗೆ ಚೀಟಿ ಕೊಟ್ಟರೆ ಪುಸ್ತಕ ಇದ್ದರೆ ಕೊಡುವರು, ಇಲ್ಲದಿದ್ದರೆ ಇಲ್ಲ ಅನ್ನುವರು. ಒಳಗೆ ಏನಿದೆ ಎಂದು ಇಣುಕಿ ನೋಡಿದ ನೆನಪೂ ಇಲ್ಲ.

ನಾವಿರುವುದು ಮೂಡಲಪಾಳ್ಯದಲ್ಲಿ, ಮೊದಲ ಮಹಡಿಯ ಬಾಡಿಗೆ ಮನೆ. ಒಂದು ರೂಮು, ಒಂದು ಹಾಲು, ಇಬ್ಬರು ನಿಂತರೆ ತಿರುಗಲಾಗದ ಅಡುಗೆಮನೆ. ಗಾಳಿ ಬೆಳಕು ಚೆನ್ನಾಗಿದೆ, ನೀರಿಗೆ ತೊಂದರೆಯಿಲ್ಲ, ಮನೆ ಓನರ್ ಒಳ್ಳೆಯವರು. ದೇವರು ಕೊಟ್ಟದ್ದರ ಬಗ್ಗೆ ನನಗೆ ತಕರಾರಿಲ್ಲ. ಆದರೆ ಓದುವ ಮಗುವಿಗೆ ಆ ಮನೆಯಲ್ಲಿ ಒಂದು ಮೂಲೆ ಇರಲಿಲ್ಲ. ಯಜಮಾನರಿಗೆ ಶಿಫ್ಟ್ ಕೆಲಸ, ಹಗಲು ಮಲಗುವರು, ರೂಮು ಅವರಿಗೆ ಬೇಕು. ಹಾಲಿನಲ್ಲಿ ಅತ್ತೆಯವರ ಟೀವಿ. ಅಡುಗೆಮನೆಯಲ್ಲಿ ನನ್ನ ಮಿಕ್ಸಿ. ಎದುರಿನ ಸೈಟಿನಲ್ಲಿ ಮನೆ ಕಟ್ಟುವವರು ಬೆಳಿಗ್ಗೆಯಿಂದ ಕಲ್ಲು ಕುಯ್ಯುವರು. ಮಗಳು ಕಿವಿಗೆ ಹತ್ತಿ ತುರುಕಿಕೊಂಡು ಗೋಡೆಗೆ ಮುಖ ಮಾಡಿ ಓದುತ್ತಿದ್ದಳು.

ಅವಳು ವಿಜಯನಗರದ ಕಡೆಯ ಒಂದು ಸರ್ಕಾರಿ ಕಾಲೇಜಿಗೆ ಬಿ.ಎ.ಗೆ ಸೇರಿದಳು. ಕನ್ನಡ ಮಾಧ್ಯಮ. ಸೇರಿದ ಸ್ವಲ್ಪ ದಿನಕ್ಕೆ ಮಧ್ಯಾಹ್ನ ಬರಬೇಕಾದವಳು ದೀಪ ಹಚ್ಚುವ ಹೊತ್ತಿಗೆ ಬರತೊಡಗಿದಳು. ಕೇಳಿದರೆ, ಲೈಬ್ರರಿ.

"ಅದೇನೇ ಅದು ದಿನಾ ದಿನಾ ಲೈಬ್ರರಿ?" ಎಂದರು ಅತ್ತೆ. "ಪುಸ್ತಕದಂಗಡಿನಾ?"

"ಅಂಗಡಿ ಅಲ್ಲ ಅಜ್ಜಿ. ಪುಸ್ತಕ ಇಟ್ಟಿರ್ತಾರೆ, ಕೂತ್ಕೊಂಡು ಓದೋದು."

"ಇಟ್ಟಿರ್ತಾರೆ ಅಂದ್ರೆ? ಫೀಸು ಕಟ್ಟಿಲ್ವಾ ನಿಮ್ಮಪ್ಪ? ಕೊಟ್ಬಿಟ್ರೆ ಮನೇಗೆ ತಂದು ಓದ್ಕೋತೀಯ."

"ಕೊಟ್ಟಿದ್ದನ್ನ ತರ್ತಾನೇ ಇದೀನಲ್ಲಜ್ಜಿ."

ಆಗಾಗ ಒಂದೆರಡು ಪುಸ್ತಕ ತರುತ್ತಿದ್ದುದು ನಿಜ. ಅತ್ತೆಯವರು ಅದನ್ನು ಫೀಸಿಗೆ ಬಂದ ಪುಸ್ತಕ ಎಂದು ತಿಳಿದುಕೊಂಡರು. ಕಟ್ಟಿದ ದುಡ್ಡಿಗೆ ಅಂಗಡಿಯವನು ಸ್ವಲ್ಪ ಸ್ವಲ್ಪವಾಗಿ ಸಾಮಾನು ಕೊಡುವ ಹಾಗೆ. ನಾವು ಯಾರೂ ತಿದ್ದಲಿಲ್ಲ. ತಿದ್ದಬೇಕು ಎಂದು ಯಾರಿಗೂ ತೋಚಲೂ ಇಲ್ಲ.

ಎರಡನೇ ವರ್ಷದಲ್ಲಿ ಅರ್ಥಶಾಸ್ತ್ರದವರಿಗೆ ಸಂಖ್ಯಾಶಾಸ್ತ್ರದ ಒಂದು ಪೇಪರ್ ಬಂತು. ಪೂರ್ತಿ ಲೆಕ್ಕ. ಅಂಗಡಿಯಲ್ಲಿ ಸಿಗುವ ಗೈಡಿನಲ್ಲಿ ಲೆಕ್ಕ ತಪ್ಪು, ಅಚ್ಚು ತಪ್ಪು. ಫೋನಿನಲ್ಲಿ ಹುಡುಕಿದರೆ ಎಲ್ಲ ಇಂಗ್ಲಿಷು. ಕನ್ನಡದಲ್ಲಿ ಹಂತಹಂತವಾಗಿ ಲೆಕ್ಕ ಮಾಡಿ ತೋರಿಸಿದ ಒಂದು ದಪ್ಪ ಪುಸ್ತಕ ಆ ಲೈಬ್ರರಿಯಲ್ಲಿತ್ತಂತೆ. ಬಹಳ ಹಳೆಯದು, ಈಗ ಅಚ್ಚಿನಲ್ಲಿಲ್ಲ, ಇದ್ದದ್ದು ಒಂದೇ ಪ್ರತಿ. ಮನೆಗೆ ಕೊಡುವುದಿಲ್ಲ, ಅಲ್ಲೇ ಕೂತು ಓದಬೇಕು. ಮಗಳು ಅದನ್ನು ಹುಡುಕಿಕೊಂಡು ಹೋದ ದಿನ ಅದು ಬೇರೊಬ್ಬ ಹುಡುಗಿಯ ಕೈಯಲ್ಲಿತ್ತು.

ಹೇರೋಹಳ್ಳಿಯಿಂದ ಬರುವ ಹುಡುಗಿ. ನನ್ನ ಮಗಳಿಗಿಂತ ಒಂದು ವರ್ಷ ಮುಂದಿನವಳು, ಆ ಪೇಪರಿನಲ್ಲಿ ಮಾತ್ರ ಫೇಲಾಗಿ ಮತ್ತೆ ಕಟ್ಟಿದ್ದವಳು. ಲೈಬ್ರರಿಯ ಮೇಡಂ ಇಬ್ಬರನ್ನೂ ಒಂದೇ ಬೆಂಚಿನಲ್ಲಿ ಕೂರಿಸಿ, ಪುಸ್ತಕವನ್ನು ನಡುವೆ ಇಟ್ಟು, "ಜಗಳ ಆಡ್ದೆ ಓದ್ಕೊಳಿ" ಎಂದರಂತೆ. ಹಾಗೆ ಪರಿಚಯವಾದವರು. ಒಬ್ಬಳು ಗಟ್ಟಿಯಾಗಿ ಓದದೆ ಬೆರಳಿಟ್ಟು ತೋರಿಸುವಳು, ಇನ್ನೊಬ್ಬಳು ಲೆಕ್ಕ ಮಾಡುವಳು. ಆಮೇಲಾಮೇಲೆ ಆ ಹುಡುಗಿ ನಮ್ಮ ಮನೆಗೂ ಬಂದಳು. ತೆಳ್ಳಗೆ, ಮಾತು ಕಡಿಮೆ, ಕೊಟ್ಟದ್ದನ್ನು ತಟ್ಟೆ ತೊಳೆದಿಟ್ಟ ಹಾಗೆ ಊಟ ಮಾಡುವಳು.

"ಹೋದ ಸಲ ಯಾಕಮ್ಮ ಹೋಯ್ತು?" ಎಂದು ಒಮ್ಮೆ ಕೇಳಿದೆ.

"ವಿಡಿಯೋ ನೋಡಿ ಓದಿದ್ದೆ ಆಂಟಿ. ಅದ್ರಲ್ಲಿ 'ಮೋಡ್' ಅಂತಾರೆ. ಪೇಪರಲ್ಲಿ 'ಬಹುಲಕ ಕಂಡುಹಿಡಿಯಿರಿ' ಅಂತ ಬಂತು. ಅದು ಇದೇ ಅಂತ ಗೊತ್ತಾಗ್ಲಿಲ್ಲ. ಹೊರಗೆ ಬಂದ್ಮೇಲೆ ಫ್ರೆಂಡ್ ಹೇಳಿದ್ಲು."

ನನ್ನ ಮಗಳು ನಕ್ಕಳು. ಆ ಹುಡುಗಿಯೂ ನಕ್ಕಳು. ನನಗೆ ನಗು ಬರಲಿಲ್ಲ. ಲೆಕ್ಕ ಗೊತ್ತಿದ್ದೂ ಹೆಸರು ಗೊತ್ತಿಲ್ಲದೆ ಒಂದು ಮಗುವಿನ ಒಂದು ವರ್ಷ ಹೋಗಿತ್ತು.

ಅವಳ ತಂದೆ ಇಲ್ಲ. ತಾಯಿ ಗಾರ್ಮೆಂಟ್ಸ್ ಕೆಲಸಕ್ಕೆ ಹೋಗುವವರು. ಈ ಸಲವೂ ಪಾಸಾಗದಿದ್ದರೆ ಓದು ಸಾಕು, ತನ್ನ ಜೊತೆ ಫ್ಯಾಕ್ಟರಿಗೆ ಬಾ ಎಂದು ಆ ತಾಯಿ ಹೇಳಿಬಿಟ್ಟಿದ್ದರು. ಸೂಪರ್‌ವೈಸರ್ ಹತ್ತಿರ ಮಾತೂ ಆಡಿದ್ದರು. ಆ ತಾಯಿಯದು ತಪ್ಪೆಂದು ನಾನು ಹೇಳಲಾರೆ. ಒಬ್ಬರ ದುಡಿಮೆಯಲ್ಲಿ ಮನೆ ನಡೆಸುವುದು ಏನೆಂದು ನಡೆಸುವವರಿಗೇ ಗೊತ್ತು. ಹುಡುಗಿಗೆ ಡಿಗ್ರಿ ಮುಗಿಸಿ ಬಿ.ಎಡ್. ಮಾಡಿ ಟೀಚರ್ ಆಗುವ ಆಸೆ. ಅವಳಿಗೂ ಅದಕ್ಕೂ ನಡುವೆ ಇದ್ದದ್ದು ಆ ಒಂದು ಪೇಪರು.

ಪರೀಕ್ಷೆ ಬಂದದ್ದು ವಿಜಯದಶಮಿಯ ಮಾರನೆಯ ದಿನಕ್ಕೆ. ದಸರಾ ರಜೆಯಲ್ಲಿ ಲೈಬ್ರರಿ ಬಾಗಿಲು ಹಾಕುತ್ತದೆ. ಹುಡುಗಿಯರಿಬ್ಬರೂ ಮೇಡಂ ಹತ್ತಿರ ಹೋಗಿ ನಿಂತರಂತೆ. ಕೊಡಬಾರದ ಪುಸ್ತಕವನ್ನು ಅವರು ನನ್ನ ಮಗಳ ಹೆಸರಿಗೆ ಬರೆದು ಕೊಟ್ಟರು. "ಪರೀಕ್ಷೆ ದಿನ ಬೆಳಿಗ್ಗೆ ನನ್ನ ಟೇಬಲ್ ಮೇಲಿರ್ಬೇಕು. ಜೆರಾಕ್ಸ್ ಅಂಗಡಿಗೆ ಕೊಡ್ಬೇಡಿ, ಬೈಂಡು ಹೋಗಿದೆ, ಅಗಲಿಸಿ ಒತ್ತಿದ್ರೆ ಹಾಳೆ ಎಲ್ಲ ಕೈಗೆ ಬರುತ್ತೆ" ಎಂದರಂತೆ. ಮೊದಲು ನನ್ನ ಮಗಳು ಓದುವುದು, ದುರ್ಗಾಷ್ಟಮಿಯ ದಿನ ಹೇರೋಹಳ್ಳಿಯ ಹುಡುಗಿ ಬಂದು ತೆಗೆದುಕೊಂಡು ಹೋಗುವುದು, ಪರೀಕ್ಷೆಯವರೆಗೆ ಅವಳ ಹತ್ತಿರ. ಹೀಗೆ ಅವರವರೇ ಮಾತಾಡಿಕೊಂಡಿದ್ದರು. ಫೋಟೋ ತೆಗೆದು ಕಳಿಸಬಹುದಿತ್ತಲ್ಲ ಎಂದು ಓದುವವರಿಗೆ ಅನ್ನಿಸಬಹುದು. ಆ ಹುಡುಗಿಯ ಮನೆಯಲ್ಲಿ ಇದ್ದದ್ದು ಒಂದೇ ಫೋನು, ಅದು ಬೆಳಿಗ್ಗೆ ತಾಯಿಯ ಜೊತೆ ಕೆಲಸಕ್ಕೆ ಹೋದರೆ ಸಂಜೆಯೇ ಬರುವುದು.

ಮೂಲಾ ನಕ್ಷತ್ರದ ದಿನ ನಾನು ಹೂವಿಗೆ ಹೋಗಿದ್ದೆ, ಮಗಳು ತಲೆಗೆ ನೀರು ಹಾಕಿಕೊಳ್ಳುತ್ತಿದ್ದಳು. ನಾನು ಬರುವ ಹೊತ್ತಿಗೆ ಅತ್ತೆಯವರ ಮಣೆ ಸಿದ್ಧವಾಗಿ, ಅಮ್ಮ ಕೂತಾಗಿತ್ತು, ದೀಪ ಉರಿಯುತ್ತಿತ್ತು. ಎಷ್ಟು ಚೆನ್ನಾಗಿ ಕಾಣುತ್ತಿತ್ತೆಂದರೆ ಕೈಮುಗಿದು ನಿಂತುಬಿಟ್ಟೆ. ಮಗಳು ಒದ್ದೆ ತಲೆಯಲ್ಲೇ ಬಂದವಳು ಮಣೆಯ ಬುಡ ನೋಡಿ ನನ್ನ ಸೆರಗು ಜಗ್ಗಿದಳು.

"ಅಮ್ಮಾ, ಅಡಿಯಲ್ಲಿರೋದು ಲೈಬ್ರರಿ ಪುಸ್ತಕ."

ಮನೆಯಲ್ಲಿ ಅದಕ್ಕಿಂತ ದಪ್ಪ ಪುಸ್ತಕ ಬೇರೆ ಇರಲಿಲ್ಲ. ಬುಡ ಗಟ್ಟಿಯಿರಲೆಂದು ಅದನ್ನೇ ಅಡಿಗೆ ಇಟ್ಟಿದ್ದರು. ಕಣದಿಂದ ಹೊರಗೆ ಚಾಚಿದ್ದ ರಟ್ಟಿನ ಮೇಲೆ ಅರಿಶಿನ, ಕುಂಕುಮ, ಮೇಲೆ ಅಕ್ಷತೆ.

"ಅಷ್ಟಮಿ ದಿನ ಅವಳು ಬರ್ತಾಳೆ" ಎಂದಳು ಮಗಳು.

"ಅಜ್ಜಿನ ಕೇಳು."

ಕೇಳಿದಳು. ಅತ್ತೆಯವರು ತಿರುಗಿ ನೋಡಿದ ಬಗೆಯಲ್ಲೇ ಉತ್ತರ ಸಿಕ್ಕಿತು. "ಕೂತ ತಾಯಿನ ಎಬ್ಬಿಸ್ತಾರೇನೇ? ದಶಮಿ ಆಗ್ಲಿ. ಅಮ್ಮನ ಕೆಳಗಿಂದ ತೆಗೆದ ಪುಸ್ತಕ ಓದಿ ಯಾರಿಗೆ ವಿದ್ಯೆ ಹತ್ತುತ್ತೆ?"

ನಾನು ಮಗಳ ಪರ ವಹಿಸಲಿಲ್ಲ. ಅತ್ತೆಗೆ ಹೆದರಿ ಅಲ್ಲ, ನನಗೂ ಅದೇ ನಂಬಿಕೆ. ಕೂರಿಸಿದ ದೇವರನ್ನು ಹೊತ್ತಿಗೆ ಮುಂಚೆ ಎಬ್ಬಿಸಬಾರದು ಎಂದು ನನ್ನ ತಾಯಿಯೂ ಹೇಳಿಕೊಟ್ಟದ್ದು. ಹುಡುಗಿಯ ತಾಯಿಯ ಫೋನಿಗೆ ಮೆಸೇಜು ಹಾಕಿದೆವು. ಸಂಜೆಯಾದರೂ ಅದನ್ನು ಯಾರೂ ತೆರೆದು ನೋಡಿರಲಿಲ್ಲ. ಹಬ್ಬದ ಓವರ್‌ಟೈಮು, ಆ ತಾಯಿಗೆ ಫೋನು ನೋಡಲು ಪುರಸೊತ್ತಿರಲಿಲ್ಲವೆಂದು ಆಮೇಲೆ ಗೊತ್ತಾಯಿತು.

ಅಷ್ಟಮಿಯ ದಿನ ಮಧ್ಯಾಹ್ನ ಹುಡುಗಿ ಬಂದೇ ಬಂದಳು. ಬಸ್ಸು ಬದಲಿಸಿ, ಬಿಸಿಲಲ್ಲಿ ನಡೆದು, ಪುಸ್ತಕಕ್ಕೆ ಸುತ್ತಲು ಒಂದು ಹಳೇ ಟವಲು ತಂದಿದ್ದಳು. ಬಾಗಿಲಲ್ಲೇ ಚಪ್ಪಲಿ ಬಿಟ್ಟು, ದೇವರು ಕಂಡೊಡನೆ ಕೈಮುಗಿದಳು. ಕಣ್ಣು ಕೆಳಗೆ ಇಳಿದಾಗ ಅವಳಿಗೆ ತಿಳಿಯಿತು. ಟವಲನ್ನು ಮಡಿಸಿ ಬ್ಯಾಗಿಗೆ ಹಾಕಿದಳು.

"ಅಜ್ಜಿ, ಇವಳಿಗೆ ಬೇರೆ ಪುಸ್ತಕ ಇಲ್ಲ" ಎಂದಳು ಮಗಳು. "ಪರೀಕ್ಷೆ ಹಿಂದಿನ ಸಂಜೆ ಸಿಕ್ಕಿದ್ರೆ ಅವಳು ಏನು ಓದ್ತಾಳೆ?"

ಅತ್ತೆ ಆ ಹುಡುಗಿಯನ್ನೇ ನೋಡುತ್ತಿದ್ದರು. ಅವರು ಕಲ್ಲುಮನಸ್ಸಿನವರಲ್ಲ. "ನಾನ್ಯಾರು ಹೇಳೋಕೆ," ಎಂದರು ಕೊನೆಗೆ. "ಅಮ್ಮನ್ನೇ ಕೇಳ್ತೀನಿ."

ನಮ್ಮ ಕಡೆ ಹೂ ಕೇಳುವುದು ಎಂದು ಒಂದಿದೆ. ದೇವರ ತಲೆಯ ಮೇಲೆ ಹೂವಿಟ್ಟು ಮನಸ್ಸಿನ ಮಾತು ಕೇಳಿಕೊಂಡು ಕಾಯುವುದು. ಬಲಕ್ಕೆ ಬಿದ್ದರೆ ಆಗಲಿ ಎಂದರ್ಥ, ಎಡಕ್ಕಾದರೆ ಬೇಡ. ಅತ್ತೆ ಕೈಕಾಲು ತೊಳೆದು ಬಂದು ಒಂದು ಸೇವಂತಿಗೆಯನ್ನು ಅಮ್ಮನ ನೆತ್ತಿಯ ಮೇಲಿಟ್ಟರು. "ಈ ಪುಸ್ತಕ ಈ ಮಗೂಗೆ ಕೊಡಬಹುದಾ ತಾಯಿ, ಹೇಳು" ಎಂದು ಗಟ್ಟಿಯಾಗಿಯೇ ಕೇಳಿದರು.

ನಾವೆಲ್ಲ ನೆಲದ ಮೇಲೆ ಕೂತೆವು. ಹೂವು ಅಲುಗಲಿಲ್ಲ. ಎದುರಿನ ಸೈಟಿನಲ್ಲಿ ಮಿಷನ್ನು ನಿಂತು ಮತ್ತೆ ಶುರುವಾಯಿತು. ಹೂವು ಅಲ್ಲೇ ಇತ್ತು.

"ಫ್ಯಾನ್ ಹಾಕ್ಲಾ ಅಜ್ಜಿ?" ಎಂದಳು ಮಗಳು.

"ಬಾಯ್ಮುಚ್ಚೇ. ಅಮ್ಮ ಯೋಚ್ನೆ ಮಾಡ್ತಾ ಇದಾಳೆ."

ಹುಡುಗಿ ತುಟಿ ಕಚ್ಚಿ ನಗು ತಡೆದಳು. ಅಷ್ಟರಲ್ಲಿ ಹೂವು ಜಾರಿತು. ಎಡಕ್ಕೆ.

ಅತ್ತೆಯವರ ಮುಖ ಸಣ್ಣದಾಯಿತು. ಅವರಿಗೂ ಬಲಕ್ಕೇ ಬೀಳಲಿ ಎಂದು ಇತ್ತೆನ್ನುವುದು ಆಗ ನನಗೆ ಕಂಡಿತು. "ನಾನೇನು ಮಾಡ್ಲಮ್ಮ," ಎಂದರು ಹುಡುಗಿಗೆ.

"ಪರ್ವಾಗಿಲ್ಲ ಅಜ್ಜಿ. ದಶಮಿ ದಿನ ಬರ್ತೀನಿ."

"ಬರಿ ಹೊಟ್ಟೇಲಿ ಹೋಗ್ಬೇಡ, ತಡಿ" ಎಂದು ನಾನು ಅಡುಗೆಮನೆಗೆ ಎದ್ದೆ. ಕೋಸಂಬರಿ, ಸಿಹಿ ಅವಲಕ್ಕಿ ತಟ್ಟೆಗೆ ಹಾಕಿಕೊಟ್ಟೆ. ಹಾಲಿನಲ್ಲಿ ನನ್ನ ಮಗಳು ತನಗೆ ನೆನಪಿದ್ದ ಲೆಕ್ಕವನ್ನು ಹಾಳೆಯ ಮೇಲೆ ಬರೆದು ತೋರಿಸುತ್ತಿದ್ದಳು. ಎರಡನೆಯ ಸಾಲಿಗೇ ಅವಳಿಗೆ ತಡೆದುಹೋಯಿತು. "ಇಲ್ಲಿಂದ ಮುಂದೆ ಪುಸ್ತಕ ನೋಡ್ಬೇಕು ಕಣೇ" ಎಂದದ್ದು ನನಗೆ ಕೇಳಿಸಿತು.

ಅತ್ತೆ ನನ್ನ ಹಿಂದೆಯೇ ಒಳಗೆ ಬಂದರು. ಮಾತು ಬೇಕಾದಾಗ ಅವರು ಹಾಗೆ ಬಂದು ಸಿಂಕಿನ ಹತ್ತಿರ ನಿಲ್ಲುವರು.

"ಅವ್ರ ಕಾಲೇಜಲ್ಲಿ ಅವಳಿಗೂ ಫೀಸು ಕಟ್ಟಿರ್ತಾರಲ್ಲ? ಅವಳ ಪುಸ್ತಕ ಅವಳಿಗೆ ಯಾಕೆ ಕೊಟ್ಟಿಲ್ಲ?"

ಆಗ ನನಗೆ ಹೊಳೆಯಿತು, ಅವರು ಇಷ್ಟು ದಿನ ಏನೆಂದುಕೊಂಡಿದ್ದರು ಎಂದು. "ಅತ್ತೆ, ಅದು ನಮ್ಮ ಪುಸ್ತಕ ಅಲ್ಲ" ಎಂದೆ.

"ಮತ್ತೆ?"

"ಕಾಲೇಜಿಂದು. ಇರೋದೇ ಒಂದು. ಎಲ್ಲಾ ಮಕ್ಕಳಿಗೂ ಅದೇ."

"ಒಂದೇ ಪುಸ್ತಕ ಎಲ್ಲಾರಿಗೂ ಹೆಂಗಾಗುತ್ತೆ?"

ಹೇಗೆ ಹೇಳಲಿ ಎಂದು ಯೋಚಿಸಿದೆ. ಅತ್ತೆಯವರ ತವರು ಮಾಗಡಿ ಕಡೆಯ ಒಂದು ಹಳ್ಳಿ. ಅಲ್ಲಿನ ದೇವಸ್ಥಾನದಲ್ಲಿ ದೊಡ್ಡ ದೊಡ್ಡ ಕೊಪ್ಪರಿಗೆಗಳಿದ್ದವೆಂದು ಅವರೇ ಎಷ್ಟೋ ಸಲ ಹೇಳಿದ್ದಾರೆ. ಯಾರ ಮನೆಯಲ್ಲಿ ಮದುವೆಯಾದರೂ ಅಲ್ಲಿಂದಲೇ ತಂದು ಅಡುಗೆ ಮಾಡಿ, ತಿಕ್ಕಿ ತೊಳೆದು, ವಾಪಸ್ಸು ಇಟ್ಟುಬರುವುದು. ಅವರ ಮದುವೆಯ ಅನ್ನವೂ ಅದರಲ್ಲೇ ಬೆಂದದ್ದು.

"ನಿಮ್ಮೂರ ದೇವಸ್ಥಾನದ ಕೊಪ್ಪರಿಗೆ ಇತ್ತಲ್ಲ ಅತ್ತೆ. ಹಾಗೇ ಇದು. ಲೈಬ್ರರಿ ಅಂದ್ರೆ ಅದೇ. ಕೊಂಡ್ಕೊಳೋಕಾಗ್ದೇ ಇರೋರಿಗೆ, ಕೊಂಡ್ಕೊಂಡ್ರೂ ಸಿಗದೇ ಇರೋದಕ್ಕೆ, ಅಂತ ಊರೊಟ್ಟಿಗೆ ಇಟ್ಟಿರೋದು."

ತೊಟ್ಟಿಕ್ಕುತ್ತಿದ್ದ ನಲ್ಲಿಯನ್ನು ಅತ್ತೆ ತಿರುಗಿಸಿ ನಿಲ್ಲಿಸಿದರು.

"ಹಂಗಾದ್ರೆ ಇದು ಎರವಲು."

"ಹೂಂ."

"ಎರವಲು ತಂದಿದ್ದರ ಮೇಲೆ ಕೂರಿಸಿದೀನಾ ನಾನು ಅಮ್ಮನ್ನ?" ಅತ್ತೆ ಕೆನ್ನೆ ಬಡಿದುಕೊಂಡರು. "ಮೊದ್ಲೇ ಹೇಳೋಕಾಗಿಲ್ವಾ ನಿಮಗೆ? ಇನ್ನೊಬ್ರ ಮನೇಲಿ ಒಲೆ ಹಚ್ಚಿ ಕಾಯ್ತಾ ಕೂತಿರುವಾಗ ಕೊಪ್ಪರಿಗೆ ತಡೆದ್ರೆ ನಮ್ಮೂರಲ್ಲಿ ಬೈಯೋರು. ಶಾಪ ಅನ್ನೋರು."

"ಆದರೆ ಹೂ ಎಡಕ್ಕಾಯ್ತಲ್ಲ ಅತ್ತೆ" ಎಂದೆ. ಹೇಳಬಾರದಿತ್ತೇನೋ. ಆದರೆ ನನ್ನ ಮನಸ್ಸಿನಲ್ಲಿ ಮುಳ್ಳಿನ ಹಾಗೆ ಇದ್ದದ್ದು ಅದೇ.

"ಆಗ್ದೇ ಏನು? ನಾನು ಕೇಳಿದ್ದೇನು? ಕೊಡಬಹುದಾ ಅಂತ. ಕೊಡೋಕೆ ಅದು ನಮ್ಮದಾ? ಇಲ್ಲ ಅಂದ್ಲು ತಾಯಿ. ಸರಿಯಾಗೇ ಅಂದಿದಾಳೆ."

ಅದು ಸರಿಯೋ, ಬೇಕಾದ ಹಾಗೆ ಅರ್ಥ ಮಾಡಿಕೊಂಡದ್ದೋ, ನನಗೆ ಇವತ್ತಿಗೂ ತಿಳಿಯದು. ಮತ್ತೊಮ್ಮೆ ಹೂ ಕೇಳೋಣವೇ ಎಂದೆ. ಒಂದೇ ಮಾತನ್ನು ದೇವರ ಹತ್ತಿರ ಎರಡು ಸಲ ಕೇಳಬಾರದು ಎಂದರು.

ಹಾಲಿಗೆ ಹೋಗಿ ಅವರು ಮಣೆಯ ಮುಂದೆ ಕೂತರು. ಕರ್ಪೂರ ಹಚ್ಚಿ ಸಣ್ಣದೊಂದು ಆರತಿ ಎತ್ತಿದರು. "ಸ್ವಲ್ಪ ಎದ್ದೇಳು ತಾಯಿ, ಕೆಳಗಿರೋದು ನಮ್ದಲ್ಲ, ತಿಳೀದೆ ಕೂರಿಸ್ಬಿಟ್ಟೆ" ಎಂದು, ಸರಸ್ವತಿಯನ್ನು ಎತ್ತಿ ತಮ್ಮ ಮಡಿಲಲ್ಲಿ ಇಟ್ಟುಕೊಂಡರು. ಮಗುವನ್ನು ಇಟ್ಟುಕೊಳ್ಳುವ ಹಾಗೆಯೇ, ಕತ್ತಿನ ಹಿಂದೆ ಕೈ ಆಸರೆ ಕೊಟ್ಟು. ನಾನು ಮೇಲಿನ ಪುಸ್ತಕಗಳನ್ನು ಎತ್ತಿ ಹಿಡಿದೆ.

"ಬಾಮ್ಮ," ಎಂದು ಹುಡುಗಿಯನ್ನು ಕರೆದರು. "ನಿನ್ನ ಕೈಯಾರೆ ನೀನೇ ತಗೋ. ನಾನು ಕೊಟ್ಟೆ ಅನ್ನೋದು ಬೇಡ."

ಅವಳು ಎಂಜಲು ಕೈ ತೊಳೆದು ಬಂದು, ಪುಸ್ತಕವನ್ನು ಎಳೆಯದೆ, ಎರಡೂ ಕೈ ಅಡಿಗೆ ಹಾಕಿ ಎತ್ತಿಕೊಂಡಳು. ಟವಲಿನಲ್ಲಿ ಸುತ್ತಿದಳು. ಬಗ್ಗಿ ಅತ್ತೆಯವರ ಕಾಲಿಗೆ ನಮಸ್ಕಾರ ಮಾಡಿದಾಗ, ಮಡಿಲಲ್ಲಿದ್ದ ದೇವರಿಗೆ ಮಾಡಿದಳೋ ಅಜ್ಜಿಗೆ ಮಾಡಿದಳೋ, ಇಬ್ಬರಿಗೂ ಸಂದಿತು. ಅವಳು ಹೋದ ಮೇಲೆ ಅಮ್ಮನನ್ನು ನಮ್ಮದೇ ಪುಸ್ತಕಗಳ ಮೇಲೆ ಮತ್ತೆ ಕೂರಿಸಿದೆವು. ಪೀಠ ಬಹಳ ಗಿಡ್ಡವಾಯಿತು. ಮಗಳ ಹಳೇ ನೋಟ್ಸು, ಪಂಚಾಂಗ, ಅಡುಗೆ ಪುಸ್ತಕ. ನಮ್ಮದೆಂದು ಹೇಳಲು ಇದ್ದದ್ದು ಅಷ್ಟೇ ಎನ್ನುವುದು ಅವತ್ತು ಕಣ್ಣಿಗೆ ಕಂಡಿತು.

ಆಮೇಲಿನ ಎರಡು ದಿನ ಮನೆಯಲ್ಲಿ ಹಬ್ಬ ಇತ್ತು, ಸಮಾಧಾನ ಇರಲಿಲ್ಲ. ಅತ್ತೆಯವರು ಬೆಳಿಗ್ಗೆ ದೇವಸ್ಥಾನಕ್ಕೆ ಹೋಗಿ ತಪ್ಪುಕಾಣಿಕೆ ಹಾಕಿ ಬಂದರು. ನಾನು ಒಂದು ಹೊತ್ತು ಉಪವಾಸ ಇದ್ದೆ, ಯಾರಿಗೂ ಹೇಳಲಿಲ್ಲ. ಆ ಮಗು ಫೇಲಾದರೆ ಅಮ್ಮನ ಕೆಳಗಿಂದ ತೆಗೆದ ಪುಸ್ತಕ ಎಂಬ ಮಾತು ಜೀವನಪೂರ್ತಿ ಉಳಿಯುತ್ತದಲ್ಲ ಎಂದು ನನಗೆ ಅದೇ ಚಿಂತೆ.

ಪರೀಕ್ಷೆಯ ದಿನ ನಾನೂ ಕಾಲೇಜಿಗೆ ಹೋದೆ. ರಟ್ಟಿನ ಮೇಲಿನ ಅರಿಶಿನ ಕುಂಕುಮ ಒರೆಸಿದರೂ ಹೋಗಿರಲಿಲ್ಲವೆಂದು ಹುಡುಗಿ ಹೇಳಿ ಕಳಿಸಿದ್ದಳು. ಕೊಡಬಾರದ್ದನ್ನು ನಂಬಿ ಕೊಟ್ಟ ಮೇಡಂಗೆ ನಾನೇ ಬಂದು ಹೇಳುವುದು ಮರ್ಯಾದೆ ಎನ್ನಿಸಿತು. ಹುಡುಗಿಯರು ಪರೀಕ್ಷೆಯ ಕೋಣೆಗೆ ಹೋದರು, ನಾನು ಪುಸ್ತಕ ಹಿಡಿದು ಲೈಬ್ರರಿಯ ಬಾಗಿಲಲ್ಲಿ ನಿಂತೆ.

ಮೇಡಂ ನನ್ನ ವಯಸ್ಸಿನವರೇ. ಟವಲು ಬಿಚ್ಚಿ ರಟ್ಟು ನೋಡಿದರು.

"ಪೂಜೆಗೆ ಇಟ್ಟಿದ್ರಾ?"

"ನಮ್ಮ ಅತ್ತೆಗೆ ತಿಳೀಲಿಲ್ಲ ಮೇಡಂ. ಕ್ಷಮಿಸ್ಬೇಕು."

"ಅಯ್ಯೋ ಬಿಡಿ. ದಸರಾ ಆದ್ಮೇಲೆ ಒಂದಷ್ಟು ಹೀಗೇ ಬರುತ್ತೆ. ಒಬ್ರು ಮನೇಲಂತೂ ಪುಸ್ತಕಕ್ಕೆ ವಿಭೂತಿ ಪಟ್ಟೆ ಎಳೆದು ಕಳಿಸಿದ್ರು." ಹಾಳೆಗಳನ್ನು ಕೊಡವಿದರು. ಒಂದೆರಡು ಅಕ್ಕಿಕಾಳು ಟೇಬಲ್ ಮೇಲೆ ಬಿದ್ದವು. "ಕುಂಕುಮ ಇರ್ಲಿ. ಅಕ್ಷತೆ ಮಾತ್ರ ಬೇಡ ಅಂತ ಹೇಳಿ ಅತ್ತೆಯೋರಿಗೆ. ಇಲಿ ಬರುತ್ತೆ."

ಕೂತುಕೊಳ್ಳಿ ಎಂದರು. ಪರೀಕ್ಷೆ ಮುಗಿಯುವವರೆಗೆ ಕೂತೆ. ಒಂದು ಲೈಬ್ರರಿಯ ಒಳಗೆ ನಾನು ಕೂತದ್ದು ಅದೇ ಮೊದಲು. ದೊಡ್ಡದೇನಲ್ಲ. ಉದ್ದ ಟೇಬಲುಗಳು, ಕಬ್ಬಿಣದ ರ‍್ಯಾಕುಗಳು, ಕರಕರ ಎನ್ನುವ ಫ್ಯಾನು. ಅರ್ಧ ಕೋಣೆಯನ್ನು ಕಂಪ್ಯೂಟರ್ ಲ್ಯಾಬಿಗೆ ಬಿಟ್ಟುಕೊಡಿ, ಈಗ ಪುಸ್ತಕ ಯಾರು ಓದುತ್ತಾರೆ ಎಂದು ಮೇಲಿನವರು ಕೇಳುತ್ತಿದ್ದಾರಂತೆ. ಮೇಡಂ ಅದನ್ನು ಹೇಳುವಾಗ ಸಿಟ್ಟಿರಲಿಲ್ಲ, ಬೇಸರವಿತ್ತು. "ಕಂಪ್ಯೂಟರೂ ಬೇಕು, ನಾನು ಬೇಡ ಅನ್ನಲ್ಲ. ಆದ್ರೆ ಈ ಮಕ್ಕಳು ಕೂರೋದೆಲ್ಲಿ?" ಎಂದರು.

ಹಬ್ಬದ ಮಾರನೆಯ ದಿನವಾದರೂ ಮಕ್ಕಳು ಬಂದಿದ್ದರು. ಒಬ್ಬಳು ನಿಘಂಟು ನೋಡಿ ನೋಡಿ ಏನೋ ಬರೆಯುತ್ತಿದ್ದಳು. ಇಬ್ಬರು ಹುಡುಗರು ಪಿಸುದನಿಯಲ್ಲಿ ಲೆಕ್ಕಕ್ಕೆ ಜಗಳವಾಡುತ್ತಿದ್ದರು. ಮೂಲೆಯಲ್ಲಿ ಒಬ್ಬಳು ತೆರೆದ ಪುಸ್ತಕದ ಮೇಲೆ ತಲೆಯಿಟ್ಟು ನಿದ್ದೆ ಹೋಗಿದ್ದಳು. ಎಬ್ಬಿಸುವುದಿಲ್ಲವೇ ಎನ್ನುವಂತೆ ಮೇಡಂ ಕಡೆ ನೋಡಿದೆ. ಅವರು ಬೇಡವೆಂದು ತಲೆಯಾಡಿಸಿದರು. "ಬೆಳಿಗ್ಗೆ ಮಾರ್ಕೆಟ್ಟಲ್ಲಿ ಅವ್ರಮ್ಮನ ಜೊತೆ ಹೂವು ಮಾರಿ ಬರ್ತಾಳೆ. ಎದ್ಮೇಲೆ ಓದ್ಕೋತಾಳೆ ಬಿಡಿ." ಯಾರ ಮನೆಯಲ್ಲಿ ಏನು ಎಂದು ಅವರಿಗೆ ಗೊತ್ತಿತ್ತು. ಪಾಠವನ್ನು ಮೇಷ್ಟ್ರು ಎಲ್ಲರಿಗೂ ಒಂದೇ ಸಲ ಹೇಳಿ ಹೋಗುತ್ತಾರೆ. ಅದನ್ನು ತನ್ನದು ಮಾಡಿಕೊಳ್ಳಲು ಪ್ರತಿ ಮಗುವಿಗೂ ಬೇರೆ ಬೇರೆ ಹೊತ್ತು ಬೇಕು, ಒಂದು ಕುರ್ಚಿ ಬೇಕು, ಯಾರೂ ಏಳು ಅನ್ನದಿರಬೇಕು. ನಮ್ಮ ಮನೆಯಲ್ಲಿ ನಾನು ಕೊಡಲಾಗದ್ದನ್ನು ಇಲ್ಲಿ ಯಾರೋ ಕೊಡುತ್ತಿದ್ದರು. ಕೂತಲ್ಲೇ ಕಣ್ಣುಮುಚ್ಚಿ, ಈ ಜಾಗ ಹೀಗೇ ಇರಲಿ ತಾಯಿ ಎಂದುಕೊಂಡೆ.

ಗಂಟೆ ಹೊಡೆಯಿತು. ಮೊದಲು ನನ್ನ ಮಗಳು ಬಂದಳು, ಚೆನ್ನಾಗಿ ಬರೆದೆ ಎಂದಳು. ಹೇರೋಹಳ್ಳಿಯ ಹುಡುಗಿ ಎಲ್ಲರಿಗಿಂತ ಕೊನೆಗೆ ಬಂದಳು. ಬೆರಳಿಗೆಲ್ಲ ಇಂಕು. ನನ್ನ ಎದುರು ಕೂತು ನೀರು ಕುಡಿದಳು.

"ಒಂದು ಲೆಕ್ಕ ಬಿಟ್ಟೆ ಆಂಟಿ," ಎಂದಳು. "ಮಿಕ್ಕಿದ್ದೆಲ್ಲ ಬರೆದಿದೀನಿ. ತಾಳೆ ನೋಡಿದೀನಿ. ಪಾಸಾಗ್ತೀನಿ."

ಕಥೆ ಹೇಳುವವರ ಹಾಗೆ ಕಾಯಿಸುವುದು ನನಗೆ ಬಾರದು. ಅವಳು ಪಾಸಾದಳು. ಭಾರಿ ಅಂಕವೇನೂ ಬರಲಿಲ್ಲ, ಬೇಕಾದಷ್ಟು ಬಂತು. ಆದರೆ ಅದೆಲ್ಲ ಬಹಳ ತಡವಾಗಿ ತಿಳಿದದ್ದು. ಅವತ್ತು ನಮ್ಮ ಕೈಯಲ್ಲಿದ್ದದ್ದು ಅವಳ ಮಾತು ಮಾತ್ರ.

ಅಷ್ಟರಲ್ಲಿ ನನ್ನ ಫೋನು ಬಡಿದುಕೊಂಡಿತು. ಅವಳ ತಾಯಿ, ಊಟದ ಬಿಡುವಿನಲ್ಲಿ ಮಾಡಿದ್ದರು. ಲೈಬ್ರರಿಯಲ್ಲಿ ಮಾತಾಡಬಾರದೆಂದು ಹುಡುಗಿ ಫೋನು ತೆಗೆದುಕೊಂಡು ವರಾಂಡಕ್ಕೆ ಓಡಿದಳು, ನಾನೂ ಹಿಂದೆಯೇ ಹೋದೆ. ಆ ಕಡೆಯಿಂದ ನೂರಾರು ಹೆಂಗಸರ ಊಟದ ಗದ್ದಲ. ಆ ತಾಯಿ ಗಟ್ಟಿಯಾಗಿ ಕೂಗಿ ಮಾತಾಡುತ್ತಿದ್ದುದರಿಂದ ನನಗೂ ಕೇಳಿಸಿತು.

"ಹೆಂಗಾಯ್ತೇ? ಸೂಪರ್‌ವೈಸರ್ ಇಲ್ಲೇ ಇದಾರೆ ಕಣೇ. ಸೋಮವಾರದಿಂದ ಬರ್ತೀಯಾ ಇಲ್ವಾ ಅಂತ ಕೇಳ್ತಾವ್ರೆ. ಏನು ಹೇಳ್ಲಿ?"

ಹುಡುಗಿ ಇಂಕಿನ ಬೆರಳನ್ನು ದುಪಟ್ಟಾಕ್ಕೆ ಒರೆಸಿಕೊಂಡಳು. ಫಲಿತಾಂಶ ಬರಲಿ ನೋಡೋಣ ಎನ್ನಬಹುದಿತ್ತು. ಯಾರಾದರೂ ಹಾಗೇ ಅನ್ನುತ್ತಿದ್ದರು.

"ಬರಲ್ಲ ಅಂತ ಹೇಳಮ್ಮ," ಎಂದಳು. "ನಾನು ಓದ್ತೀನಿ."

ಗದ್ದಲ ಮಾತ್ರ ಕೇಳುತ್ತಿತ್ತು. ಆಮೇಲೆ ಆ ತಾಯಿ, ದನಿ ತಗ್ಗಿಸಿ, "ಊಟ ಮಾಡಿದ್ಯಾ?" ಎಂದರು.